ಕ್ಷಮಿಸಿದ ಮೇಲೂ ಉಳಿದ ಶಿಕ್ಷೆ

೧೪ ಫೆಬ್ರವರಿ ೨೦೧೭, ಕರಾಮ

ಬಟ್ಟೆ ಮಡಚಿ ಆಯಿತು. ಸಾಂಬಾರಿಗೆ ಒಗ್ಗರಣೆ ಬಾಕಿ. ಇವತ್ತೂ ಆನ್ ಮರಿಯಾ ಬರಲಿಲ್ಲ. ಎದುರು ಫ್ಲಾಟಿನ ಜೂಡಿತ್‌ಳ ಮಗಳು. ಅಮ್ಮನ ಹೋಟೆಲ್ ಡ್ಯೂಟಿ ಮುಗಿಯುವವರೆಗೆ ನನ್ನಲ್ಲೇ ಇರುತ್ತಿದ್ದಳು. "ನಾನೇನು ಆಯಾನಾ?" ಎಂದು ಬಿಲ್ಡಿಂಗಿನ ವಾಟ್ಸಾಪ್ ಗ್ರೂಪಿಗೆ ಹಾಕಿದೆ, ಸರಿ. ಅದಕ್ಕೆ ಜೂಡಿತ್ ಅದೇ ಗ್ರೂಪಿನಲ್ಲಿ ಎಲ್ಲರೆದುರು ನನ್ನನ್ನು ನಾಯಿ ಎನ್ನುವುದೇ? ಸಾರಿ ಕೇಳು ಎಂದೆ. ಕೇಳಲಿಲ್ಲ. ನಾಳೆ ಪೊಲೀಸ್ ಸ್ಟೇಷನ್ನಿಗೇ ಹೋಗುತ್ತೇನೆ. ಊರಿನಲ್ಲಾದರೆ ಇನ್‌ಸ್ಪೆಕ್ಟರು ಇಬ್ಬರನ್ನೂ ಕೂರಿಸಿ, ಗದರಿಸಿ, ರಾಜಿ ಮಾಡಿಸಿ ಕಳಿಸುತ್ತಾರೆ. ಅಷ್ಟಾದರೆ ಸಾಕು ನನಗೆ.

೯ ಏಪ್ರಿಲ್

ರಾಜಿ ಯಾರೂ ಮಾಡಿಸಲಿಲ್ಲ. ಸ್ಟೇಷನ್ನಿನಿಂದ ಪ್ರಾಸಿಕ್ಯೂಷನ್, ಅಲ್ಲಿಂದ ಕೋರ್ಟು... ಒಂದು ತಿಂಗಳು ಜೈಲು, ದಂಡ, ಆಮೇಲೆ ಡಿಪೋರ್ಟ್, ಅಂದರೆ ಈ ಅರಬ್ ದೇಶದಿಂದಲೇ ಹೊರಗೆ. ವಾಟ್ಸಾಪಿನ ಒಂದು ಬೈಗುಳಕ್ಕೆ. ಇಲ್ಲಿ ಅದೂ ಅಪರಾಧವಂತೆ. ಇವರು ಕಲಸಿದ ಅನ್ನ ಹಾಗೇ ಬಿಟ್ಟರು. "ಎಂತ ಮಾಡಿದ್ದು ಮಾರಾಯ್ತಿ ನೀನು," ಎಂದರು, ಅಷ್ಟೇ.

೧೨ ಏಪ್ರಿಲ್

ಜೂಡಿತ್‌ಳ ಗಂಡ ವಿಕ್ಟರ್ ಬಂದಿದ್ದ. ಚಪ್ಪಲಿ ಸ್ಟ್ಯಾಂಡಿನ ಹತ್ತಿರವೇ ನಿಂತ.

"ಅಪೀಲು ಹಾಕಿದ್ದೇವೆ ಸುಶೀಲಕ್ಕ. ಪಾಸ್‌ಪೋರ್ಟ್ ಜಾಮೀನಿಗೆ ಇಟ್ಟುಕೊಂಡು ಅವಳನ್ನು ಹೊರಗೆ ಬಿಟ್ಟಿದ್ದಾರೆ. ಕ್ಷಮಿಸಿದ್ದೇನೆ ಅಂತ ನೀವೊಂದು ಬರೆದುಕೊಟ್ಟರೆ..."

"ಅವಳೇ ಬಂದು ಕೇಳಲಿ," ಎಂದುಬಿಟ್ಟೆ. ಬಾಗಿಲು ಹಾಕಿಕೊಂಡೆ. ಯಾಕೆ ಹಾಗೆಂದೆ?

೧೩ ಏಪ್ರಿಲ್

ಬಂದಳು. ಕೇಳಿದಳು. ಕಣ್ಣು ನೆಲದ ಮೇಲೆ. ಇದಕ್ಕೇ ಎರಡು ತಿಂಗಳು ಕಾದಿದ್ದೆ — ಕೇಳಿಸಿಕೊಳ್ಳಲಾಗಲಿಲ್ಲ. ಚಹಾ ಕುಡಿ ಎಂದೆ. "ಬೇಡ ಸುಶೀಲಕ್ಕ, ಕೆಳಗೆ ಟ್ಯಾಕ್ಸಿ ಉಂಟು." ಒಟ್ಟಿಗೇ ಹೋಗಿ, ಕ್ಷಮಿಸಿದ್ದೇನೆ ಎಂಬ ಕಾಗದಕ್ಕೆ ಸಹಿ ಹಾಕಿ ಬಂದೆ.

೨೧ ಮೇ

ಅಪೀಲು ಕೋರ್ಟಿನ ತೀರ್ಪು. ಜೈಲು ತೆಗೆದರು. ದಂಡ ಇಳಿಸಿದರು. ಡಿಪೋರ್ಟ್ ಹಾಗೇ.

ನಾನು ಕ್ಷಮಿಸಿದ್ದೇನಲ್ಲ? ಜೂಡಿತ್‌ಳ ಲಾಯರ್ ಆಫೀಸಿನ ಖೈರುನ್ನಿಸರನ್ನು ಹಿಡಿದು ಕೇಳಿದೆ. ಪುತ್ತೂರಿನವರು, ನಿಧಾನಕ್ಕೆ ಹೇಳಿದರು. "ನೀವು ಕ್ಷಮಿಸಿದ್ದಕ್ಕೇ ಜೈಲು ತಪ್ಪಿದ್ದು. ಡಿಪೋರ್ಟ್ ಕೋರ್ಟಿನದ್ದು ಅಕ್ಕ. ಅದನ್ನು ಬಿಟ್ಟುಕೊಡ್ಲಿಕ್ಕೆ ನಿಮಗೆ ಆಗುವುದಿಲ್ಲ."

ಅದಕ್ಕೂ ಮೇಲಿನ ಕೋರ್ಟು?

"ಹಾಕುವ. ಆದರೆ ಅಲ್ಲಿ ಕಾನೂನು ತಪ್ಪಿದೆಯಾ ಅಂತ ಮಾತ್ರ ನೋಡುವುದು. ಬೇಜಾರಾಗಿದೆ ಅಂತ ಹೇಳ್ಲಿಕ್ಕೆ ಅಲ್ಲಿ ಜಾಗ ಇಲ್ಲ."

೧೮ ಸೆಪ್ಟೆಂಬರ್

ಅಲ್ಲೂ ಅದೇ ತೀರ್ಪು. ಜೂಡಿತ್ ಮೊನ್ನೆ ಹೋದಳು. ಇನ್ನು ಈ ದೇಶಕ್ಕೆ ಬರುವಂತಿಲ್ಲ. ವಿಕ್ಟರನ ಕೆಲಸ ಇಲ್ಲಿ. ವರ್ಷದ ಪರೀಕ್ಷೆ ಮುಗಿಯುವವರೆಗೆ ಮಗಳೂ ಇಲ್ಲೇ. ಶಾಲೆ ಬಿಟ್ಟು ನನ್ನಲ್ಲಿಗೇ ಬರುತ್ತಾಳೆ, ಬೇರೆ ಯಾರಿದ್ದಾರೆ. ಹೊರಡುವಾಗ ಜೂಡಿತ್ ನನಗೆ ಹೇಳಿದ್ದು ಒಂದೇ ಮಾತು. "ಅವಳಿಗೆ ಮೊಸರು ಕೊಡಬೇಡಿ, ಕೆಮ್ಮು ಬರ್ತದೆ." ನನಗೆ ಗೊತ್ತಿಲ್ಲದ್ದಾ ಅದು?

ಇವತ್ತು ದೋಸೆ ಹುಯ್ಯುತ್ತಿದ್ದೆ. ತಟ್ಟೆ ಹಿಡಿದು ಪಕ್ಕದಲ್ಲೇ ನಿಂತಿದ್ದಳು.

"ಆಂಟಿ, ಮಮ್ಮಾ ಸೆಡ್ ಸಾರಿ ಟು ಯೂ, ನೋ?"

"ಹೇಳಿದಳು ಮಗೂ."

"ದೆನ್ ವೈ ಕಾಂಟ್ ಶೀ ಕಮ್ ಬ್ಯಾಕ್?"

ದೋಸೆ ಸೀದುಹೋಯಿತು. ಕೆರೆದು ತೆಗೆದು ಇನ್ನೊಂದು ಹುಯ್ದೆ. ಆವತ್ತು ಸ್ಟೇಷನ್ನಿಗೆ ಹೋಗುವ ಬದಲು ಎದುರಿನ ಬಾಗಿಲು ತಟ್ಟಿದ್ದರೆ, ಎರಡು ಮಾತು ಬೈದು, ಬೈಸಿಕೊಂಡು —