ಸುಗಿಯಾ ಕಾಕಿ ಹಾಡಿದ ಸಾಲು

ಬೇಲಾಹಿ,
ಅಗಹನ ಮಾಸ, ಶುಕ್ಲ ಷಷ್ಠಿ, ಮಂಗಳವಾರ

ಪ್ರೀತಿಯ ಫುಲೋಗೆ ಕುಮುದಿನಿ ಅತ್ತಿಗೆಯ ಆಶೀರ್ವಾದ.

ಈಗ ಮಧ್ಯಾಹ್ನ ಮೂರು ಗಂಟೆ. ಬೆಳಿಗ್ಗೆ ಕೊಳದಲ್ಲಿ ಮಿಂದು ನಿಮ್ಮ ಮನೆಗೆ ಹೋಗಿ, ನಿನ್ನ ತಮ್ಮ ಬೈಜುವಿನ ಹೆಂಡತಿಗೆ ನಾಲ್ಕು ಕೊಡ ನೀರು ತಂದು ಕೊಟ್ಟು ಬಂದೆ. ಆಮೇಲೆ ನಮ್ಮ ಯಜಮಾನರ, ಅದೇ ಪಂಡಿತರ, ಪೆಟ್ಟಿಗೆ ತೆಗೆದು ಹಳೆಯ ನೋಟ್‌ಬುಕ್ಕುಗಳನ್ನು ಅಂಗಳದ ಬಿಸಿಲಿಗೆ ಹರಡಿದೆ. ಹೋದ ಫಾಲ್ಗುಣದಲ್ಲಿ ಅವರು ತೀರಿಕೊಂಡ ಮೇಲೆ ಆ ಪೆಟ್ಟಿಗೆಗೆ ಕೈ ಹಾಕಿರಲಿಲ್ಲ. ನಿನ್ನೆ ವಿವಾಹ ಪಂಚಮಿ. ಸೀತೆಯ ಮದುವೆಯ ಹಾಡು ಬಿಡಬಾರದೆಂದು ಹೆಂಗಸರು ಸೇರಿದರು, ಆದರೆ ಎತ್ತಿ ಕೊಡುವವರಿಲ್ಲದೆ ಎರಡು ಹಾಡಿಗೇ ನಿಂತುಹೋಯಿತು.

ನಿನ್ನ ಅವ್ವ, ನಮ್ಮ ಸುಗಿಯಾ ಕಾಕಿ, ತೀರಿಕೊಂಡು ಇಂದಿಗೆ ಒಂಬತ್ತು ದಿನ. ಬೈಜು ಫೋನು ಮಾಡಿದಾಗ ನೀನು ಹೇಳಿದ್ದನ್ನು ಅವನು ನನಗೆ ಹಾಗೆಯೇ ಒಪ್ಪಿಸಿದ. “ನಾನು ಕರೀಲೇ ಇಲ್ಲ ಅಂತ ಅವ್ವ ಊರ ಮುಂದೆ ಹಾಡಿದ್ಳಲ್ಲ. ಈಗ ನನ್ನನ್ಯಾಕೆ ಕರೀತೀಯ?” ಅವನಿಗೆ ತಲೆಬುಡ ತಿಳಿಯಲಿಲ್ಲ. “ಅಕ್ಕನಿಗೆ ತಲೆ ಕೆಟ್ಟಿದೆ ಅತ್ತಿಗೆ” ಎಂದ. ನಿನ್ನ ಮಾತು ಅರ್ಥವಾಗಿದ್ದು ಈ ಊರಿನಲ್ಲಿ ನನಗೊಬ್ಬಳಿಗೇ. ಅದಕ್ಕೇ ಈ ಪತ್ರ.

ಇಪ್ಪತ್ತು ವರ್ಷದ ಹಿಂದೆ ನಾನು ನೋಟ್‌ಬುಕ್ಕು ಹಿಡಿದು ಮನೆಮನೆ ತಿರುಗುತ್ತಿದ್ದುದು ನಿನಗೆ ನೆನಪಿರಬಹುದು. ಪಾಠಶಾಲೆ ಮುಗಿಸಿ ಬಂದರೆ ಪಂಡಿತರಿಗೆ ಅದೇ ಕೆಲಸ. ವಾಲ್ಮೀಕಿಯ ಶ್ಲೋಕ ಒಂದು ಕಡೆ, ನಮ್ಮ ಹೆಂಗಸರ ಹಾಡು ಇನ್ನೊಂದು ಕಡೆ ಇಟ್ಟುಕೊಂಡು ಸಾಲು ಸಾಲಾಗಿ ಹೋಲಿಸುವುದು. ಬಸುರಿ ಮಗಳನ್ನು ಕಾಡಿಗೆ ಬಿಟ್ಟಾಗ ತಂದೆ ಜನಕ ಎಲ್ಲಿದ್ದ, ಯಾಕೆ ಬರಲಿಲ್ಲ ಎಂಬುದು ಅವರನ್ನು ಬಹಳ ಕಾಡುತ್ತಿತ್ತು. “ಹೆಸರು ಉತ್ತರಕಾಂಡ, ಇದಕ್ಕೆ ಮಾತ್ರ ಉತ್ತರ ಇಲ್ಲ” ಎಂದು ನಗುತ್ತಿದ್ದರು. ಹಾಡಿನಲ್ಲಿ ಏನಾದರೂ ಸಿಕ್ಕೀತು ಎಂಬ ಆಸೆ. ಆದರೆ ಹೆರಿಗೆಯ ಹಾಡನ್ನು ಗಂಡಸಿನ ಎದುರು ಯಾರು ಹಾಡುತ್ತಾರೆ? ಏಳನೇ ತರಗತಿ ಓದಿದ ನಾನೇ ಅವರ ಕಿವಿಯಾದೆ.

ನಿನ್ನ ಅವ್ವ ಬೀಸುವ ಕಲ್ಲಿನ ಮುಂದೆ ಕೂತು ಹಾಡಿದಳು. ಊರ ವರಸೆಯಲ್ಲಿ ನಾನು ಸೊಸೆಯಲ್ಲವೇ, ಮೊದಲು ನನ್ನನ್ನು ಚೆನ್ನಾಗಿ ಆಡಿಕೊಂಡಳು. “ಏನೇ ಸೊಸೆ, ನಿನ್ನ ಗಂಡನ ವಾಲ್ಮೀಕಿ ಗಡ್ಡದ ಮುದುಕ. ಬಾಣಂತಿ ಕೋಣೆ ಒಳಗೆ ಹೊಕ್ಕಿದ್ನಾ? ಸೀತೆ ನೋವು ಅವನಿಗೇನು ಗೊತ್ತು? ನಾನು ಹೇಳ್ತೀನಿ, ಬರ್ಕೋ.” ಲವಕುಶರು ಹುಟ್ಟಿದ ಹಾಡು. ಕೊನೆಗೆ ಬಂದಾಗ ಕಲ್ಲು ನಿಲ್ಲಿಸಿ ಈ ಸಾಲು ಹೇಳಿದಳು:

ಒಂಟಿ ಹೆತ್ತೆ, ಒಂಟಿ ಎದ್ದೆ, ತವರಿನವರು ಬರಲಿಲ್ಲ.

ಅದೇ ಹಾಡನ್ನು ಬೇರೆ ಹತ್ತು ಮನೆಗಳಲ್ಲಿ ಬರೆದುಕೊಂಡಿದ್ದೆ. ಈ ಸಾಲು ಯಾರಲ್ಲೂ ಇರಲಿಲ್ಲ. ಎಲ್ಲಿ ಕಲಿತೆ ಕಾಕಿ ಎಂದು ಕೇಳಿದೆ. ಅವಳು ಹಿಟ್ಟು ಬಳಿಯುತ್ತ, ನನ್ನ ಮುಖ ನೋಡದೆ ಹೇಳಿದಳು. “ಎಲ್ಲೂ ಕಲಿತಿಲ್ಲ. ಫುಲೋ ಚೊಚ್ಚಲ ಬಸುರಿ ಇದ್ದಾಗ ಬಳೆಗಾರನ ಹತ್ರ ಹೇಳಿ ಕಳಿಸಿದ್ಳು, ಅವ್ವಾ, ಇವರು ನೋಡ್ಕೊಳಲ್ಲ, ಬಂದು ಕರ್ಕೊಂಡ್ಹೋಗು ಅಂತ. ಬೀಗರು ಏನಂತಾರೋ ಅಂತ ನಾನು ಹೋಗ್ಲಿಲ್ಲ. ಮಗು ಉಳೀಲಿಲ್ಲ. ಅವತ್ತಿಂದ ಈ ಹಾಡು ಎತ್ತಿದ್ರೆ ಸಾಕು, ಆ ಮಾತು ತಾನೇ ಬಾಯಿಗೆ ಬರುತ್ತೆ. ಸೀತೆದೋ ನನ್ನ ಮಗಳದೋ, ನಂಗೇ ಗೊತ್ತಾಗಲ್ಲ.”

ಇದನ್ನು ಅವಳು ನಿನ್ನ ಮುಂದೆ ಹೇಳಿರಲಾರಳು. ಹೇಳಲು ಬಾಯಿ ಬಾರದೆ ಹಾಡಿಗೆ ಹಾಕಿಟ್ಟಳು.

ಕೆಲವು ವರ್ಷಗಳ ಮೇಲೆ ಆ ಹಾಡುಗಳ ಪುಸ್ತಕ ಅಚ್ಚಾಗಿ ಬಂತು. ಅದರಲ್ಲಿ ಆ ಸಾಲು ಬೇರೆಯಾಗಿತ್ತು: ‘ಒಂಟಿ ಹೆತ್ತೆ, ಒಂಟಿ ಎದ್ದೆ, ತವರಿನವರ ಕರೆಯಲಿಲ್ಲ.’ ಪಂಡಿತರ ವಿದ್ಯೆಯಲ್ಲಿ ಒಂದೇ ಸಾಲಿನ ಎರಡು ಪಾಠಗಳಲ್ಲಿ ಒಂದನ್ನು ಇಟ್ಟುಕೊಂಡು ಇನ್ನೊಂದನ್ನು ಬಿಡುವುದು ಇದ್ದದ್ದೇ. ಒಂದು ಪದ ತಾನೇ, ಎಂದುಕೊಂಡೆ.

ಬೈಜುವಿನ ಹಿರಿಯ ಮಗಳು ಅದನ್ನು ಅಜ್ಜಿಗೆ ಓದಿ ಹೇಳಿದಳಂತೆ. ವಾಲ್ಮೀಕಿಯನ್ನೇ ಗೇಲಿ ಮಾಡಿದ ಕಾಕಿ ಅಚ್ಚಾದ ಅಕ್ಷರಕ್ಕೆ ಹೆದರಿಬಿಟ್ಟಳು. ಅವತ್ತೇ ಸಂಜೆ ನಮ್ಮ ಮನೆಗೆ ಬಂದು, “ಪುಸ್ತಕದಲ್ಲಿ ಹಂಗಿದೆಯಂತೆ. ಹಂಗಾದ್ರೆ ನಾನೇ ಇಷ್ಟು ವರ್ಷ ತಪ್ಪು ಹಾಡಿದೀನಿ, ಅಲ್ವೇನೇ ಸೊಸೆ?” ಎಂದಳು. ನಾನು ಮೊರದಲ್ಲಿ ಬೇಳೆ ಆರಿಸುತ್ತಿದ್ದೆ. “ಇರಬಹುದು ಕಾಕಿ” ಎಂದೆ. ಅಷ್ಟೇ ಅಂದಿದ್ದು, ಫುಲೋ.

ಆಮೇಲಿನದು ನಿನಗೇ ಗೊತ್ತು. ಬೈಜುವಿನ ಮಗ ಹುಟ್ಟಿದ ಆರನೆಯ ದಿನ ಅಂಗಳ ತುಂಬ ಹೆಂಗಸರು. ನೀನು ಎಣ್ಣೆಯ ಬಟ್ಟಲು ಹಿಡಿದು ಕೂತಿದ್ದೆ. ಅವ್ವ ತಿದ್ದಿಕೊಂಡ ಸಾಲನ್ನೇ ಹಾಡಿದಳು, ಸರಿಯಾಗಿ ಹಾಡಿದೆನೇ ಎಂಬಂತೆ ನನ್ನ ಕಡೆ ನೋಡಿ ನಕ್ಕಳು ಕೂಡ. ನೀನು ಬಟ್ಟಲು ಕೆಳಗಿಟ್ಟು, “ಕರೀಲಿಲ್ವಾ ಅವ್ವ? ಸರಿ ಬಿಡು, ಕರೀಲಿಲ್ಲ” ಎಂದು ಎದ್ದು ಬಸ್ಸಿಗೆ ಹೋದೆ. ಮತ್ತೆ ಈ ಊರಿಗೆ ಕಾಲಿಡದೆ ಹನ್ನೊಂದು ವರ್ಷವಾಯಿತು.

“ನಾನೇನಂದೆ ಅವಳಿಗೆ? ಪುಸ್ತಕದ್ದೇ ಹಾಡಿದ್ನಲ್ಲ” ಎಂದು ಕಾಕಿ ಎಷ್ಟು ಸಲ ಕೇಳಿದಳೋ. ಪ್ರತಿಸಲವೂ ನಾನು ಮಾತು ಮರೆಸಿದೆ. ಈ ಆಶ್ವಿನದಲ್ಲಿ ಅವಳು ಹಾಸಿಗೆ ಹಿಡಿದ ಮೇಲೆ ಧೈರ್ಯ ಮಾಡಿ, ಕಾಕಿ, ಆ ಹಳೆಯ ಸಾಲು ಒಮ್ಮೆ ಹಾಡು ಎಂದೆ. ಅವಳು “ಯಾವುದೇ ಅದು?” ಎಂದಳು. ಅವಳಲ್ಲೂ ಅದು ಉಳಿದಿರಲಿಲ್ಲ.

ಈಗ ಉಳಿದಿರುವುದು ಒಂದೇ ಕಡೆ. ಅವಳೆದುರು ಕೂತು ಪೆನ್ಸಿಲಿನಲ್ಲಿ ಗೀಚಿಕೊಂಡ ಹಾಳೆ ಇವತ್ತು ಸಿಕ್ಕಿತು. ಅದನ್ನು ಹರಿದು ಇದರೊಳಗೆ ಮಡಿಸಿ ಇಟ್ಟಿದ್ದೇನೆ. ಅಕ್ಷರ ಮಾಸಿದೆ, ಆದರೆ ‘ಬರಲಿಲ್ಲ’ ಎಂಬುದು ಓದಲು ಬರುತ್ತದೆ. ನಿನಗೆ ಅಕ್ಷರ ಕಲಿಸಿದವಳು ನಾನೇ, ನನ್ನ ಕೈಬರಹ ನಿನಗೆ ಗುರುತು ಸಿಗುತ್ತದೆ. ನೀನು ಕರೆದದ್ದು ನಿನ್ನ ಅವ್ವನಿಗೆ ಕೇಳಿಸಿತ್ತು. ತಾನು ಬರಲಿಲ್ಲ ಎಂಬುದನ್ನು ಅವಳು ಒಪ್ಪಿಕೊಂಡಿದ್ದಳು.

ನಿನ್ನ ಅತ್ತಿಗೆ,
ಕುಮುದಿನಿ

ಮರೆತ ಮಾತು: ಮರೆತದ್ದಲ್ಲ. ಬರೆದುದನ್ನು ಮತ್ತೆ ಓದಿದೆ. ಸಾಲು ತಿದ್ದಿದವರು ಪಂಡಿತರು ಎಂದು ನೀನು ತಿಳಿಯಲಿ ಎಂಬಂತೆ ಬರೆದಿದ್ದೇನೆ. ಸತ್ತವರ ಮೇಲೆ ಹೊರಿಸಿದೆ. ಅವರು ಒಂದಕ್ಷರ ಮುಟ್ಟಿದವರಲ್ಲ. “ಹಾಡಿದ್ದನ್ನ ಹಾಡಿದ ಹಾಗೇ ಬರಿ, ತಪ್ಪಿದ್ರೂ ತಿದ್ದಬೇಡ” ಎಂಬುದು ಅವರು ನನಗೆ ಹಾಕಿದ್ದ ಒಂದೇ ಕಟ್ಟು. ಶುದ್ಧ ಪ್ರತಿ ಬರೆಯುವಾಗ ಬದಲಾಯಿಸಿದವಳು ನಾನು. ಸೀತೆ ನಮ್ಮ ಮಿಥಿಲೆಯ ಮಗಳು. ಅವಳನ್ನು ಕರೆತರಲು ನಾವೇ ಹೋಗಲಿಲ್ಲ ಎಂದು ಪುಸ್ತಕದಲ್ಲಿ ಬಂದರೆ ಅಯೋಧ್ಯೆಯವರು ಕೈತಟ್ಟಿ ನಗುವುದಿಲ್ಲವೇ ಅನ್ನಿಸಿತು. ನಿನ್ನ ಅವ್ವನ ಮಾನವೂ ಉಳಿಯುತ್ತದೆ ಅಂದುಕೊಂಡೆ. “ಕಾಕಿ ಹೀಗೇ ಹಾಡಿದ್ಳಾ?” ಎಂದು ಅವರು ಎರಡು ಸಲ ಕೇಳಿದರು. ಎರಡು ಸಲವೂ ಹೂಂ ಎಂದೆ. ಅವರಿಗೆ ಹುಡುಕುತ್ತಿದ್ದ ಉತ್ತರ ಸಿಕ್ಕಿತು. ಸೀತೆ ಯಾರನ್ನೂ ಕರೆಯದ ಸ್ವಾಭಿಮಾನದ ಬಗ್ಗೆ ಮುನ್ನುಡಿಯಲ್ಲಿ ಎರಡು ಪುಟ ಬರೆದರು, ಅದನ್ನೇ ನಂಬಿಕೊಂಡು ಹೋದರು.

ಇದನ್ನು ಅಂಚೆಗೆ ಹಾಕುವುದಿಲ್ಲ. ಅವ್ವನ ಹನ್ನೆರಡನೆಯ ದಿನದ ಕರ್ಮದೊಳಗೆ ತಲುಪದು. ಕೈಯಲ್ಲೇ ತರುತ್ತೇನೆ, ನೀನು ಓದಿ ಮುಗಿಸುವವರೆಗೆ ನಿಮ್ಮ ಜಗಲಿಯ ಮೇಲೆ ಕೂತಿರುತ್ತೇನೆ. ಬಯ್ಯುವುದಿದ್ದರೆ ಬೈದುಬಿಡು. ನಿನ್ನ ಊರು ರೋಸಡಾಗೆ ನಾಳೆಯ ಮೊದಲ ಬಸ್ಸು ಏಳೂವರೆಗೆ.