ಮೊಣಕೈವರೆಗಿನ ಅಕ್ಕ

ಮಾರ್ಚ್ ೯, ಸೋಮವಾರ

ಮಹಾಮಹಿಮಳೂ, ದೂರವಾಸಿನಿಯೂ, ಈ ಬಡಪಾಯಿಗೆ ಮೊಣಕೈವರೆಗೆ ಮಾತ್ರ ದರ್ಶನ ಕೊಟ್ಟವಳೂ ಆದ ಅಕ್ಕನಿಗೆ,

ತಮ್ಮನ ಅಡ್ಡಬಿದ್ದ ನಮಸ್ಕಾರಗಳು. ಇದು ಬರೀ ಮರ್ಯಾದೆಯ ಮಾತಲ್ಲ. ಹೊಸ್ತಿಲ ಸಂದಿಗೆ ಕಾಗದ ತೂರಿಸಬೇಕಾದರೆ ನೆಲಕ್ಕೆ ಹೊಟ್ಟೆಯೂರಿ ಮಲಗಲೇಬೇಕು.

ಉತ್ತರ ತಡವಾಯಿತು, ಕ್ಷಮಿಸು. ನೀನು ಕೇಳಿದ್ದು ಒಂದೇ ಪ್ರಶ್ನೆ: ಅಪ್ಪ ನನ್ನ ಕೈ ಹಿಡಿದುಕೊಂಡವರು ಯಾಕೆ ಬಿಟ್ಟುಬಿಟ್ಟರು? ಬರೆಯಲು ಕೂತಾಗೆಲ್ಲ ಪೆನ್ನು ಕೈಕೊಟ್ಟಿತು, ಟೀ ಆರಿತು, ಬೆಕ್ಕು ಬಂದು ಕಾಗದದ ಮೇಲೆ ಕೂತಿತು. ನಮ್ಮ ಮನೆಯಲ್ಲಿ ಬೆಕ್ಕಿಲ್ಲ. ಪಕ್ಕದ ಮನೆಯದನ್ನು ಕರೆಸಿಕೊಂಡಿದ್ದೆ.

ಮೊದಲು ಕ್ಷೇಮಸಮಾಚಾರ. ಬಾಗಿಲು ಮೇಸ್ತ್ರಿಗಳ ಸುಪ್ರಸಿದ್ಧ ಕಾರ್ಯಾಗಾರ ಈಗ ಜೇಡಗಳ ಮತ್ತು ನನ್ನ ಜಂಟಿ ಆಳ್ವಿಕೆಯಲ್ಲಿದೆ. ಅಪ್ಪ ಕಟ್ಟಿದ ಬಾಗಿಲುಗಳು ಊರಲ್ಲಿ ಇನ್ನೂ ಇವೆ. ಆಸ್ಪತ್ರೆಯ ಕಾರಿಡಾರಿನ ಬಾಗಿಲಿಂದ ನೇರ ಊರಾಚೆಯ ತನ್ನ ಅಡುಗೆಮನೆಗೆ ಕಾಲಿಡುವ ನರ್ಸಮ್ಮ ಈಗಲೂ ಬಿಡುವಿನಲ್ಲಿ ಹೋಗಿ ಒಲೆಯ ಮೇಲಿನ ಹಾಲು ಇಳಿಸಿ ಬರುತ್ತಾಳೆ. ಹೊಸದಾಗಿ ಮಾಡಿಸುವವರು ಮಾತ್ರ ಇಲ್ಲ. ನನಗೂ ಈ ಕಸುಬು ಬರದು. ಚಿಕ್ಕವನಿದ್ದಾಗ ಎರಡು ಹೊಸ್ತಿಲು ಅದಲುಬದಲು ಮಾಡಿದ್ದೆ. ನಗರಸಭೆ ಅಧ್ಯಕ್ಷರು ತಮ್ಮ ಕಚೇರಿಗೆಂದು ಗಂಭೀರವಾಗಿ ಕಾಲಿಟ್ಟು ಕ್ಷೌರದಂಗಡಿಯಲ್ಲಿ ನೊರೆ ಹಚ್ಚಿಸಿಕೊಂಡವನ ತೊಡೆಯ ಮೇಲೆ ಕೂತರು. ಅಂದಿನಿಂದ ಅಪ್ಪ ನನ್ನ ಕೈಗೆ ಉಳಿ ಕೊಡಲಿಲ್ಲ.

ನಮ್ಮ ಮನೆಯ ಕಸುಬಿನ ಕಟ್ಟಳೆ ನಿನಗೆ ಅರೆಬರೆ ನೆನಪಿರಬಹುದು. ಕಟ್ಟಿದವನು ತನ್ನ ಬಾಗಿಲನ್ನು ತಾನು ದಾಟುವಂತಿಲ್ಲ. ದಾಟುವವರನ್ನು ಎದುರಿಗೆ ನಿಲ್ಲಿಸಿಕೊಂಡು, ನೆತ್ತಿಯಿಂದ ಹಿಮ್ಮಡಿಯವರೆಗೆ, ಭುಜದಿಂದ ಭುಜಕ್ಕೆ ಅಳತೆ ತೆಗೆಯಬೇಕು. ಆ ಅಳತೆಯವರಿಗಷ್ಟೇ ಅದು ಬಾಗಿಲು. ಅಳತೆ ಕೊಡದವರಿಗೆ ಬರೀ ಗೋಡೆ. ಎದುರಿಗೆ ನಿಲ್ಲಿಸದೆ ಅಳೆಯಬೇಡಿ ಎಂದು ಅಪ್ಪ ಶಿಷ್ಯರಿಗೆ ಬೈಯುವುದು ಬೀದಿಗೆಲ್ಲ ಕೇಳುತ್ತಿತ್ತು.

ಅಮ್ಮ ಜಗಳವಾಡಿ ನಿನ್ನನ್ನು ಕರೆದುಕೊಂಡು ಅಪ್ಪ ಕಟ್ಟಿದ್ದ ಬಾಗಿಲು ದಾಟಿ, ಆ ಕಡೆಯಿಂದ ಚೌಕಟ್ಟು ಒಡೆದುಹಾಕಿದಳು. ನೀನಿರುವ ಊರಿಗೆ ಬೇರೆ ದಾರಿಯೇ ಇಲ್ಲ. ಮುರಿದ ಹೊಸ್ತಿಲು ಮಾತ್ರ ನಮ್ಮ ಹಿಂದಿನ ಕೋಣೆಯಲ್ಲಿ ಬಿದ್ದಿತ್ತು. ಹೋದ ವರ್ಷ ಅದರ ಸಂದಿಯಿಂದ ನಿನ್ನ ಕಾಗದ ಹೊರಬಂತು. ಅಮ್ಮ ತೀರಿಕೊಂಡಳು, ನಾನು ಬರಲಾ ಅಂತ ಕೇಳಿದ್ದೆ ನೀನು. ಅಪ್ಪ ಅದನ್ನು ಓದಿಸಿಕೊಂಡು ಕೀಸುಳಿ ಹುಡುಕಲು ಎದ್ದರು. ನಡುಗುವ ಕೈಯಲ್ಲಿ ತಿಂಗಳುಗಟ್ಟಲೆ ಹೊಸ ಬಾಗಿಲು ಕೆತ್ತಿದರು. ಅಳತೆಗೆಂದು ಅವರು ಹೋಗಿದ್ದು ಅಡುಗೆಮನೆಗೆ. ಅಲ್ಲಿನ ಚೌಕಟ್ಟಿನಲ್ಲಿ ಉಳಿಯಿಂದ ಕೊರೆದ ನಿನ್ನ ಗೆರೆಗಳಿವೆ, ಎಲ್ಲಕ್ಕಿಂತ ಮೇಲಿನದು ನಿನಗೆ ಎಂಟು ವರ್ಷವಿದ್ದಾಗಿನದು.

ನಾನು ಹೇಳಿದೆ, ಅಪ್ಪ, ಅಕ್ಕನಿಗೆ ಈಗ ಮೂವತ್ತಾಯ್ತು, ಒಂದು ಸಾಲು ಬರೆದು ಅಳತೆ ಕೇಳೋಣ ಅಂತ.

“ನನ್ನ ಮಗಳ ಅಳತೆ ನನಗೆ ಗೊತ್ತಿಲ್ವೇನೋ? ನೀನು ಟೇಪಿನ ಆ ತುದಿ ಹಿಡ್ಕೋ ಸಾಕು,” ಅಂದರು.

ಹಿಡಿದುಕೊಂಡೆ. ಮರ ಕೊಯ್ದರು.

ಇನ್ನು ಆ ದಿನದ ಸಂಗತಿ. ಅಪ್ಪ ಇಸ್ತ್ರಿ ಮಾಡಿಸಿದ ಅಂಗಿ ಹಾಕಿಕೊಂಡು ಬಾಗಿಲಿನೆದುರು ಗಿಡ್ಡ ಸ್ಟೂಲಿನ ಮೇಲೆ ಕೂತಿದ್ದರು. ಸ್ಟೂಲು ಅವರೇ ಆರಿಸಿದ್ದು. ಅದರ ಮೇಲೆ ಕೂತರೆ ಎಂಟು ವರ್ಷದ ಮಗುವಿನ ಮುಖಕ್ಕೆ ಮುಖ ಸರಿಸಮ ಬರುತ್ತದೆ. ಕದ ತೆರೆಯಿತು, ನಿನ್ನ ಕೈ ಬಂತು, ಮೊಣಕೈ ಬಂತು. ಭುಜ ಸಿಕ್ಕಿಕೊಂಡು ಚೌಕಟ್ಟು ಕಿರುಗುಟ್ಟಿತು. ಅಪ್ಪ ನಿನ್ನ ಕೈಯನ್ನು ಎರಡೂ ಕೈಯಲ್ಲಿ ಹಿಡಿದು ಹಿಂದೆ ಮುಂದೆ ತಿರುಗಿಸಿ ನೋಡಿದರು. ಬೆರಳ ತುದಿಯಲ್ಲಿ ಹೊಲಿಗೆಸೂಜಿಯ ಗುರುತು, ಮಣಿಕಟ್ಟಿನಲ್ಲಿ ಉಬ್ಬಿದ ನರ. ಆಮೇಲೆ ಮೆಲ್ಲಗೆ ಕೆಳಗಿಳಿಸಿ, ಗಿರಾಕಿಗಳ ಹತ್ತಿರ ಮಾತಾಡುವ ದನಿಯಲ್ಲಿ ಹೇಳಿದರು:

“ತಪ್ಪು ತಿಳ್ಕೋಬೇಡಿ ತಾಯಿ. ಇದು ನನ್ನ ಮಗಳಿಗೆ ಅಂತ ಮಾಡಿದ್ದು. ನೀವು ಸ್ವಲ್ಪ ಸರಿದು ನಿಂತರೆ ಅವಳು ಬರ್ತಾಳೆ.”

ನಮ್ಮ ಬಾಗಿಲುಗಳು ದನಿಯನ್ನು ದಾಟಿಸುವುದಿಲ್ಲ, ಹಾಗಾಗಿ ನಿನಗೆ ಕೇಳಿಸಿಲ್ಲ. ಅಪ್ಪ ಬಿಟ್ಟದ್ದು ನಿನ್ನ ಕೈಯನ್ನಲ್ಲ ಅಕ್ಕ, ಯಾರೋ ಹೆಂಗಸಿನ ಕೈಯನ್ನು. ಎರಡನೆಯ ಸಲ ಹಿಡಿದದ್ದು ನಾನು. ನನ್ನ ಕೈ ಬೆವರಿತ್ತು, ಅದಕ್ಕೂ ಕ್ಷಮೆಯಿರಲಿ.

ಮಾರನೆಯ ದಿನ ಅಪ್ಪನ ಹಳೆಯ ಶಿಷ್ಯ ಮೊಳೆಯಣ್ಣನನ್ನು ಎಳೆತಂದೆ. ಮೊಳೆಯ ಹಾಗೆ ಸಣಕಲಾಗಿರುವುದರಿಂದ ಆ ಬಿರುದು. ಚೌಕಟ್ಟು ಅಗಲ ಮಾಡೋಣವೇ ಎಂದು ಕೇಳಿದೆ. ಅವನು ಬೆರಳಲ್ಲಿ ತಟ್ಟಿ ನೋಡಿ, “ಮಾಡಬಹುದು, ಆಮೇಲೆ ಅದು ಬರೀ ಬೀರು, ಬಟ್ಟೆ ಇಟ್ಕೋಬಹುದು,” ಅಂದ. ನಿನ್ನ ಊರಿನ ದಿಕ್ಕು ತಿಳಿದ ಕೈ ಅಪ್ಪನದೊಂದೇ ಅಂತೆ. ಆ ಕೈ ಈಗ ಚಮಚ ಹಿಡಿದರೆ ಗಂಜಿ ಅಂಗಿಯ ಮೇಲಿರುತ್ತದೆ. ಡಾಕ್ಟರು ಬಂದು ನೋಡಿ, ಬರಬೇಕಾದವರಿಗೆ ಹೇಳಿಬಿಡಿ ಅಂದರು. ಬರಬೇಕಾದವರು ಮೊಣಕೈವರೆಗೆ ಬಂದು ಹೋದರು ಅಂತ ನಾನು ಹೇಳಲಿಲ್ಲ. ಅಪ್ಪ ಈಗಲೂ ಸ್ಟೂಲು ಬಿಟ್ಟು ಏಳುವುದಿಲ್ಲ. ಆ ಹೆಂಗಸು ಇನ್ನೂ ಅಡ್ಡ ನಿಂತಿದ್ದಾಳಾ ನೋಡು ಅನ್ನುತ್ತಾರೆ. ನೋಡಿ ಬಂದು, ಹೊರಟಿದ್ದಾಳೆ ಅಪ್ಪ, ಚಪ್ಪಲಿ ಹುಡುಕ್ತಿದ್ದಾಳೆ ಅನ್ನುತ್ತೇನೆ. ನಗುತ್ತಾರೆ.

ಈ ಮನೆಯಲ್ಲಿ ಬುದ್ಧಿ ನೆಟ್ಟಗಿರುವ ಏಕೈಕ ಹಿರಿಯ ಸದ್ಯಕ್ಕೆ ನಾನೇ ಆದ್ದರಿಂದ, ಚಿಕ್ಕವನಾದರೂ ಆಶೀರ್ವದಿಸುತ್ತೇನೆ: ನಿನ್ನ ಸೂಜಿ ಮುರಿಯದಿರಲಿ, ಗಿರಾಕಿಗಳು ಕೊಟ್ಟ ಅಳತೆಗಿಂತ ದಪ್ಪಗಾಗದಿರಲಿ.

ಇತಿ,
ಎಲ್ಲಿಗೂ ಹೋಗದ
ನಿನ್ನ ತಮ್ಮ

ತಾ.ಕ.: ಅಡುಗೆಮನೆಯ ಚೌಕಟ್ಟಿನಲ್ಲಿ ನನ್ನ ಗೆರೆ ಒಂದೂ ಇಲ್ಲ. ಅಪ್ಪನಿಗೆ ನನ್ನ ಗುರುತು ಹತ್ತಿದ ಒಂದು ದಿನ ನೋಡಿಕೊಂಡು ಕೇಳಿದೆ. “ನೀನಾಗ ತೊಟ್ಟಿಲಲ್ಲಿದ್ದೆ ಕಣೋ. ನಿಲ್ಲಲಾರದವರ ಅಳತೆ ತೆಗೆಯೋಕೆ ಬರಲ್ಲ. ನೀನು ನಿಂತ ಮೇಲೆ ನನಗೇ ಧೈರ್ಯ ಬರಲಿಲ್ಲ, ನೀನೂ ಹೊರಟುಬಿಟ್ಟರೆ ಅಂತ,” ಅಂದರು. ಅಪ್ಪನ ಕಡೆಯದು ಇಷ್ಟು. ಅಮ್ಮನ ಕಡೆಯದು ನಿನಗೊಬ್ಬಳಿಗೇ ಗೊತ್ತು, ದಾಟುವಾಗ ನೀನು ಅವಳ ಕೈ ಹಿಡಿದಿದ್ದೆ. ಅವಳ ಇನ್ನೊಂದು ಕೈಯಲ್ಲಿ ನಾನಿದ್ದೆನಾ? ಬಾಗಿಲು ನನ್ನನ್ನು ಬಿಡದೆ, ಅವಳು ಹಿಂದಕ್ಕೆ ಹೋಗಿ ನನ್ನನ್ನು ತೊಟ್ಟಿಲಲ್ಲಿ ಮಲಗಿಸಿ ಬಂದಳಾ? ಅಥವಾ ತೊಟ್ಟಿಲ ಕಡೆ ಹೋಗಲೇ ಇಲ್ಲವಾ? ಇದು ತಮಾಷೆಯಲ್ಲ ಅಕ್ಕ. ಬಾಗಿಲು ಬಿಡಲಿಲ್ಲ ಅಂತಲೇ ಬರೆ. ಆ ಬಾಗಿಲನ್ನು ಬೈದುಕೊಂಡು ಇದ್ದುಬಿಡುತ್ತೇನೆ.