ಕತ್ತಿ ಕೆಳಗಿಟ್ಟ ಮೇಲಿನ ಮಾತು

ಅಪ್ಪನ ಕ್ಷೌರದ ಅಂಗಡಿಯಿಂದ,
೧೫ ಮಾರ್ಚ್, ಸೋಮವಾರ

ಪ್ರೀತಿಯ ಅಕ್ಕಾ,

ಹೇಗಿದ್ದೀಯ? ಸೊಂಟನೋವು ಅಂತ ಯಾರೋ ಅಂದರು, ಕಡಿಮೆಯಾಯಿತಾ? ಭಾವ ಈಗಲೂ ಲಾರಿ ತೆಗೆದುಕೊಂಡು ಊರೂರು ಸುತ್ತುತ್ತಾರೋ, ಮನೆಯಲ್ಲೂ ಒಂದಿಷ್ಟು ಹೊತ್ತು ಇರುತ್ತಾರೋ? ನಾನು ಚೆನ್ನಾಗಿದ್ದೇನೆ. ಅಮ್ಮನ ಮಂಡಿ ಅಮ್ಮನ ಮಾತು ಕೇಳುವುದಿಲ್ಲ, ಅಮ್ಮ ನಮ್ಮ ಮಾತು ಕೇಳುವುದಿಲ್ಲ, ಹಾಗಾಗಿ ಮನೆ ಮೊದಲಿನ ಹಾಗೇ ಇದೆ. ಫೋನ್ ಮಾಡಿದರೆ ನಮ್ಮ ನಂಬರ್ ಕಂಡ ಕೂಡಲೇ ಕಟ್ ಮಾಡುತ್ತೀಯ. ಕಾಗದವಾದರೆ ಹರಿದು ಹಾಕುವ ಮೊದಲು ಒಂದು ಸಾಲಾದರೂ ಕಣ್ಣಿಗೆ ಬೀಳುತ್ತದೆ ಎಂದು ಪೆನ್ನು ಹಿಡಿದಿದ್ದೇನೆ. ಶಾಲೆ ಬಿಟ್ಟ ಮೇಲೆ ಇಷ್ಟುದ್ದ ಬರೆಯುತ್ತಿರುವುದು ಇದೇ ಮೊದಲು. ತಪ್ಪು ಕಂಡರೆ ನಗು, ಆದರೆ ಕೊನೆಯವರೆಗೆ ಓದು.

ಅಂಗಡಿಯಲ್ಲಿ ಈಗ ನಾನೇ ನಿಲ್ಲುತ್ತಿದ್ದೇನೆ. ಟೈರ್ ಅಂಗಡಿ, ಪ್ರೆಸ್ಸು, ಕೊರಿಯರ್ ಎಂದು ಎಲ್ಲೂ ತಳ ಊರದ ನಿನ್ನ ತಮ್ಮ ಒಂದೇ ಕುರ್ಚಿಯ ಸುತ್ತ ದಿನವಿಡೀ ಸುತ್ತುತ್ತಾನೆ ಅಂದರೆ ನಂಬುತ್ತೀಯಾ? ಎದುರು ಮನೆಯ ಮೇಷ್ಟ್ರು ಮೊನ್ನೆ ಕನ್ನಡಿ ನೋಡಿಕೊಂಡು, 'ನಿಮ್ಮಪ್ಪನ ಕೈ ಬೆಣ್ಣೆ ಕಣೋ, ನಿಂದು ಗರಗಸ' ಅಂದರು. ಇರಲಿ. ಅಪ್ಪ ಆಸ್ಪತ್ರೆಯಲ್ಲಿದ್ದಾರೆ. ಹೆದರಬೇಡ ಎಂದು ಬರೆಯಲು ಹೊರಟಿದ್ದೆ. ಆದರೆ ನಾನೇ ಹೆದರಿಕೊಂಡು ನಿನಗೆ ಹೆದರಬೇಡ ಅನ್ನುವುದು ಸುಳ್ಳಾಗುತ್ತದೆ.

ನೀನು ಮನೆಯಲ್ಲಿದ್ದಾಗಲೇ ಇದು ಶುರುವಾಗಿತ್ತಂತೆ. ಸಂಜೆಯಾದರೆ ಅಪ್ಪ ಒಂದು ಕಣ್ಣು ಮುಚ್ಚಿಕೊಂಡು ಕತ್ತರಿ ಆಡಿಸುತ್ತಿದ್ದರಲ್ಲ, 'ಒಂದೇ ತಲೆ ಎರಡಾಗಿ ಕಾಣ್ತಿದೆ, ಯಾವುದಕ್ಕೆ ಕತ್ತರಿ ಹಾಕ್ಲಿ?' ಎಂದು ಗಿರಾಕಿಗಳನ್ನು ನಗಿಸುತ್ತಿದ್ದರಲ್ಲ, ಅದು ತಮಾಷೆಯಾಗಿರಲಿಲ್ಲ. ನಿಜವಾಗಿ ಎರಡು ಕಾಣುತ್ತಿತ್ತು. ನೀನು ಹೋದ ಮೇಲೆ ಸಂಜೆಯ ಮಾತು ತೊದಲುವುದು ದಿನನಿತ್ಯದ್ದಾಯಿತು. ಚಹಾ ಬಿಟ್ಟು ಬೇರೇನೂ ಮುಟ್ಟದ ಮನುಷ್ಯನನ್ನು ಕುಡುಕ ಅಂದುಕೊಂಡು ಹಳೆಯ ಗಿರಾಕಿಗಳು ಬೇರೆ ಅಂಗಡಿ ಹಿಡಿದರು. ಹೋದ ತಿಂಗಳು ಊಟದ ನಡುವೆ ಅಗಿಯಲಾಗದೆ ಕೈಯಿಂದ ದವಡೆ ಎತ್ತಿ ಹಿಡಿದುಕೊಂಡರು. ಕುಡಿದ ನೀರು ಮೂಗಿನಿಂದ ಬಂತು. ಅಮ್ಮ ತಟ್ಟೆಗಳನ್ನು ಹಾಗೇ ಬಿಟ್ಟು ಅವರನ್ನು ಎಬ್ಬಿಸಿಕೊಂಡು ಹೊರಟಳು.

ಆಸ್ಪತ್ರೆಯ ಡಾಕ್ಟರಮ್ಮ ರಬ್ಬರ್ ಕೈಗವಸಿನಲ್ಲಿ ಐಸ್ ತುಂಬಿ ಅಪ್ಪನ ಒಂದು ರೆಪ್ಪೆಯ ಮೇಲಿಟ್ಟರು. ಸ್ವಲ್ಪ ಹೊತ್ತು ಬಿಟ್ಟು ತೆಗೆದಾಗ ಆ ಕಣ್ಣು ಅಗಲವಾಗಿ ತೆರೆದಿತ್ತು, ಇನ್ನೊಂದು ಹಾಗೇ ಜೋತುಬಿದ್ದಿತ್ತು. ಆಮೇಲೆ ಎದೆಯ ಸ್ಕ್ಯಾನ್ ಆಯಿತು. ಅವರು ಹೇಳಿದ್ದರಲ್ಲಿ ನನ್ನ ತಲೆಗೆ ಇಳಿದಷ್ಟು ಬರೆಯುತ್ತೇನೆ. ಎದೆಮೂಳೆಯ ಹಿಂದೆ, ಹೃದಯಕ್ಕೆ ಸ್ವಲ್ಪ ಮೇಲೆ, ಥೈಮಸ್ ಅನ್ನುವ ಗ್ರಂಥಿ ಎಲ್ಲರಿಗೂ ಇರುತ್ತದಂತೆ. ರೋಗದ ಜೊತೆ ಕಾದಾಡುವ ಬಿಳಿ ರಕ್ತಕಣಗಳಲ್ಲಿ ಒಂದು ಬಗೆಯವು ಮೂಳೆಯೊಳಗೆ ಹುಟ್ಟಿ ಇಲ್ಲಿಗೆ ಬಂದು ಕಲಿಯುತ್ತವೆ, ಯಾವುದು ನಮ್ಮ ಮೈ, ಯಾವುದು ಹೊರಗಿನದು ಅಂತ. ನಮ್ಮ ಮೈಯನ್ನೇ ಕಚ್ಚಲು ಹೋಗುವವನ್ನು ಗ್ರಂಥಿ ಅಲ್ಲೇ ಮುಗಿಸಿಬಿಡುತ್ತದೆ. ಒಳಗೆ ಹೋದವುಗಳಲ್ಲಿ ಹೆಚ್ಚಿನವು ಹೊರಗೆ ಬರುವುದೇ ಇಲ್ಲವಂತೆ. 'ನಮ್ಮ ಶಾಲೆನೇ ವಾಸಿ, ಫೇಲಾದ್ರೆ ಮನೆಗಾದ್ರೂ ಕಳಿಸ್ತಿದ್ರು' ಅಂದೆ. ಡಾಕ್ಟರಮ್ಮ ನಕ್ಕರು, ಅಮ್ಮ ತೊಡೆ ಚಿವುಟಿದಳು. ಹರೆಯ ದಾಟಿದ ಮೇಲೆ ಆ ಗ್ರಂಥಿ ಮೆಲ್ಲಗೆ ಕುಗ್ಗಿ ಕೊಬ್ಬಾಗುತ್ತದಂತೆ. ಅಪ್ಪನದರಲ್ಲಿ ಗಡ್ಡೆ ಬೆಳೆದಿದೆ. ಸರಿಯಾಗಿ ಕಲಿಯದ ಕಣಗಳು ಹೊರಬಿದ್ದಿವೆ. ನರದ ಅಪ್ಪಣೆ ಸ್ನಾಯುವಿಗೆ ತಲುಪುವ ಜಾಗವನ್ನೇ ಶತ್ರು ಎಂದು ತಿಳಿದು ಮೈ ತನಗೆ ತಾನೇ ಹೊಡೆಯುತ್ತಿದೆ. ಮಲಗಿ ಎದ್ದಾಗ ಸ್ನಾಯುಗಳು ಚೆನ್ನಾಗಿಯೇ ಇರುತ್ತವೆ. ಬಳಸಿದಷ್ಟೂ ಸೋಲುತ್ತವೆ. ಸಂಜೆಯ ಹೊತ್ತಿಗೆ ರೆಪ್ಪೆ, ನಾಲಿಗೆ, ದವಡೆ ಯಾವುದೂ ಹೇಳಿದ ಮಾತು ಕೇಳುವುದಿಲ್ಲ.

ಇದನ್ನು ಕೇಳುತ್ತಾ ಕೂತವನಿಗೆ ನೀನು ಹೋದ ಸಂಜೆ ನೆನಪಾಯಿತು. ಕೈಯಲ್ಲಿ ಕತ್ತಿ ಇರುವಾಗ ಅಪ್ಪನ ಮನಸ್ಸು ಕದಡುವ ಮಾತು ಎತ್ತಬಾರದು ಎಂಬುದು ನಮ್ಮನೆಯ ಕಟ್ಟಳೆಯಲ್ಲವೇ? ಯಾರದೋ ಕುತ್ತಿಗೆ ಕತ್ತಿಯ ಕೆಳಗಿರುತ್ತದೆ. ಅಜ್ಜಿ ಹೋದ ಸುದ್ದಿ, ನಾನು ಶಾಲೆ ಬಿಟ್ಟ ಸುದ್ದಿ, ಎಲ್ಲವನ್ನೂ ಶಟರ್ ಇಳಿಸಿದ ಮೇಲೆಯೇ ಹೇಳಿದ್ದು. ನೀನೂ ಪಾಪ ದಿನವಿಡೀ ಕಾದೆ. ಕೊನೆಯ ಗಿರಾಕಿ ಎದ್ದು ಹೋಗಿ, ಅಪ್ಪ ಕತ್ತಿ ಒರೆಸಿ ಕೆಳಗಿಟ್ಟ ಮೇಲೆ, ಭಾವನ ಹೆಸರೆತ್ತಿ, ಮದುವೆಯಾದರೆ ಇವರನ್ನೇ ಎಂದು ಹೇಳಿದೆ. ಅಪ್ಪ ಗಿರಾಕಿಯ ಕುರ್ಚಿಯಲ್ಲಿ ಒರಗಿ, ಕಣ್ಣು ಅರ್ಧ ಮುಚ್ಚಿ, ಬಾಯಿ ತುಸು ತೆರೆದುಕೊಂಡು ಕೂತೇ ಇದ್ದರು. ನೀನು ಮತ್ತೆ ಮತ್ತೆ ಕೇಳಿದೆ. 'ಮಗಳ ಬಾಳಿನ ಮಾತಾಡುವಾಗ ನಿದ್ದೆ ಬರುತ್ತಾ ನಿಮಗೆ?' ಎಂದು ಕೂಗಿ ಹೊರಟುಹೋದೆ. ಅವರಿಗೆ ಎಲ್ಲ ಕೇಳಿಸುತ್ತಿತ್ತು ಅಕ್ಕಾ. ಉತ್ತರ ಬಾಯಿಗೆ ಬರಲಿಲ್ಲ, ಅಷ್ಟೇ. ಅವರ ಕೈ ತಪ್ಪದಿರಲಿ ಎಂದೇ ನಾವು ಮುಖ್ಯವಾದ ಮಾತುಗಳನ್ನೆಲ್ಲ ಅವರ ಕೈಲಾಗದ ಹೊತ್ತಿಗೆ ಎತ್ತಿಡುತ್ತಿದ್ದೆವು.

ಆದರೆ ಎಲ್ಲವನ್ನೂ ಕಾಯಿಲೆಯ ತಲೆಗೆ ಕಟ್ಟುವುದಿಲ್ಲ. ಮರುದಿನ ಬೆಳಿಗ್ಗೆ ನಾಲಿಗೆ ನೆಟ್ಟಗಿತ್ತು. ನಿನ್ನನ್ನು ಹುಡುಕಿಕೊಂಡು ಬರಬಹುದಿತ್ತು, ಬರಲಿಲ್ಲ. ಅದು ಹಟ. ನಿನಗೂ ಅದೇ ಇದೆ. ಅದಕ್ಕೆ ಯಾವ ಗ್ರಂಥಿಯನ್ನೂ ದೂರುವಂತಿಲ್ಲ.

ಗಡ್ಡೆಯ ಸಮೇತ ಗ್ರಂಥಿಯನ್ನು ತೆಗೆಯುತ್ತಾರಂತೆ. ತೆಗೆದ ಕೂಡಲೇ ಗುಣವಾಗುವುದಿಲ್ಲ, ತಿಂಗಳುಗಳು ಬೇಕು, ವರ್ಷಗಳೂ ಹಿಡಿಯಬಹುದು, ಕೆಲವರಿಗೆ ಪೂರ್ತಿ ಗುಣವಾಗುವುದೇ ಇಲ್ಲ. ಡಾಕ್ಟರಮ್ಮ ಮುಚ್ಚಿಡಲಿಲ್ಲ, ನಾನೂ ಮುಚ್ಚಿಡುವುದಿಲ್ಲ.

ಭಾವನಿಗೆ ನನ್ನ ನಮಸ್ಕಾರ ಹೇಳು. ಆಗ ಅವರು ನನಗೂ ಹಿಡಿಸಿರಲಿಲ್ಲ, ಆಮೇಲೆ ನೋಡಿಯೇ ಇಲ್ಲ, ಆದರೂ ನಮಸ್ಕಾರ ಮನಸಾರೆ ಹೇಳುತ್ತಿದ್ದೇನೆ. ಅಮ್ಮ ಆಶೀರ್ವಾದ ಬರಿ ಎಂದಳು, ಬರೆದಿದ್ದೇನೆ. ಸೊಂಟಕ್ಕೆ ಬಿಸಿನೀರಿನ ಶಾಖ ಕೊಡಬೇಕಂತೆ.

ನಿನ್ನ ತಮ್ಮ,
ಬುಗುರಿ

ಮತ್ತೆ: ಅಂಟಿಸಿದ ಲಕೋಟೆಯನ್ನು ಬಿಚ್ಚಿ ಬರೆಯುತ್ತಿದ್ದೇನೆ. ಇವತ್ತು ಬೆಳಿಗ್ಗೆ ಅಪ್ಪನನ್ನು ನೇರವಾಗಿ ಕೇಳಿದ್ದೆ, ಅವತ್ತು ಬಾಯಿ ಬಂದಿದ್ದರೆ ಏನು ಹೇಳುತ್ತಿದ್ದಿರಿ ಅಂತ. ನಿನಗೆ ಸಮಾಧಾನವಾಗುವ ಮಾತು ಬರುತ್ತದೆ ಅಂದುಕೊಂಡಿದ್ದೆ. ಬರಲಿಲ್ಲ. 'ಬೇಡ ಅಂತಿದ್ದೆ' ಅಂದರು. ಆಮೇಲೆ ಗೋಡೆಯ ಕಡೆ ತಿರುಗಿ, 'ಅವಳು ಜಗಳಕ್ಕೆ ನಿಲ್ತಿದ್ದಳು. ನಾನು ಸೋಲ್ತಿದ್ದೆ. ಮದುವೆ ದಿನ ಅವನ ಗಡ್ಡ ನಾನೇ ಹೆರೀತಿದ್ದೆ' ಅಂದರು. ಆಪರೇಷನ್ ಇಪ್ಪತ್ತೈದಕ್ಕೆ, ಗುರುವಾರ. ಆದ ಮೇಲೆ ಉಸಿರಾಟಕ್ಕೆ ಗಂಟಲಿಗೆ ಕೊಳವೆ ಹಾಕಿರುತ್ತಾರೆ, ಎಷ್ಟು ದಿನವೋ ಗೊತ್ತಿಲ್ಲ, ಮುಂದೇನೋ ಅದೂ ಗೊತ್ತಿಲ್ಲ. ಹಿಂದಿನ ದಿನವೇ ಬಾ, ಆ ಜಗಳ ಆಡುವುದಕ್ಕೆ. ಬೆಳಿಗ್ಗೆಯೇ ಬಾ. ಮಧ್ಯಾಹ್ನ ದಾಟಿದರೆ ನೀನೊಬ್ಬಳೇ ಆಡಬೇಕಾಗುತ್ತದೆ.